ಮೇಷ್ಟ್ರು ದಾರಿ ತಪ್ಪಿದರೆ ಶಾಲೆಗೆ ಏನಾಗುತ್ತದೆ? – ಶಾಲಾ ಆಡಳಿತ, ಅಧ್ಯಯನ ಟಿಪ್ಪಣಿ

ಶಾಲಾ ಆಡಳಿತ ಓದುವಾಗ ‘ಶಿಕ್ಷಕರ ದುರ್ನಡತೆ’ ಎನ್ನುವ ಭಾಗ ಬಂದರೆ ನಾವೆಲ್ಲ ಕಲಂಗಳ ಸಂಖ್ಯೆ ಬಾಯಿಪಾಠ ಮಾಡಿ ಮುಂದೆ ಹೋಗುತ್ತೇವೆ. ಕಲಂಗಳು ಬೇಕು, ಇಲ್ಲ ಅನ್ನುವುದಿಲ್ಲ. ಆದರೆ ಅಷ್ಟರಲ್ಲೇ ನಿಂತರೆ ಪಾಠದ ಮುಖ್ಯ ಭಾಗವೇ ಬಿಟ್ಟುಹೋಗುತ್ತದೆ. ತಪ್ಪು ಮಾಡಿದವರಿಗೆ ಏನು ಶಿಕ್ಷೆ ಅನ್ನುವುದು ಒಂದು ಪ್ರಶ್ನೆ. ಮರುದಿನ ಬೆಳಿಗ್ಗೆ ಆ ತರಗತಿಗೆ ಯಾರು ಹೋಗುತ್ತಾರೆ ಅನ್ನುವುದು ಇನ್ನೊಂದು. ಈ ಟಿಪ್ಪಣಿಯಲ್ಲಿ ಎರಡನೆಯದನ್ನು ಬಿಡದೆ ಹಿಡಿದುಕೊಂಡು ಹೋಗೋಣ.

ಮೊದಲು, ಯಾವುದು ದುರ್ನಡತೆ ಅಲ್ಲ

ಮೇಷ್ಟ್ರು ಶಾಲೆಯಲ್ಲಿ ಇಲ್ಲ ಅಂದ ತಕ್ಷಣ ತಪ್ಪು ಮಾಡಿದ್ದಾರೆ ಅಂತ ಅಲ್ಲ. ರಜೆ ಹಾಕಿರಬಹುದು. ತರಬೇತಿಗೆ ಹೋಗಿರಬಹುದು. ಚುನಾವಣೆ ಕೆಲಸಕ್ಕೆ ಇಲಾಖೆಯೇ ಕಳುಹಿಸಿರಬಹುದು. 2009ರ ಶಿಕ್ಷಣ ಹಕ್ಕು ಕಾಯ್ದೆಯ 27ನೇ ಕಲಂ ಶಿಕ್ಷಕರನ್ನು ಬೇರೆ ಕೆಲಸಕ್ಕೆ ಹಚ್ಚಬಾರದು ಅನ್ನುತ್ತದೆ. ಆದರೆ ಜನಗಣತಿ, ವಿಪತ್ತು ಪರಿಹಾರ, ಚುನಾವಣೆ, ಈ ಮೂರಕ್ಕೆ ವಿನಾಯಿತಿ ಕೊಡುತ್ತದೆ.

ಎರಡು ಅಧ್ಯಯನಗಳನ್ನು ಅಕ್ಕಪಕ್ಕ ಇಟ್ಟು ನೋಡಿದರೆ ವಿಷಯ ಸ್ಪಷ್ಟವಾಗುತ್ತದೆ. 2003ರಲ್ಲಿ ವಿಶ್ವ ಬ್ಯಾಂಕ್ ಜೊತೆ ಸೇರಿದ್ದ ಸಂಶೋಧಕರ ತಂಡ ದೇಶದ ಸಾವಿರಾರು ಶಾಲೆಗಳಿಗೆ ಹೇಳದೆ ಕೇಳದೆ ಭೇಟಿ ಕೊಟ್ಟಿತು. ಸರ್ಕಾರಿ ಪ್ರಾಥಮಿಕ ಶಾಲೆಗಳಲ್ಲಿ 25% ಶಿಕ್ಷಕರು ಶಾಲೆಯಲ್ಲಿ ಇರಲಿಲ್ಲ. ಪಾಠ ಮಾಡುತ್ತಿದ್ದವರು ಸುಮಾರು ಅರ್ಧದಷ್ಟು ಮಾತ್ರ. ಮಹಾರಾಷ್ಟ್ರದಲ್ಲಿ ಗೈರುಹಾಜರಿ 15%, ಜಾರ್ಖಂಡ್‌ನಲ್ಲಿ 42%. 2017ರಲ್ಲಿ ಅಜೀಂ ಪ್ರೇಮ್‌ಜಿ ಫೌಂಡೇಶನ್ ಆರು ರಾಜ್ಯಗಳ 619 ಶಾಲೆಗಳಲ್ಲಿ ನೋಡಿದಾಗ 18.5% ಶಿಕ್ಷಕರು ಶಾಲೆಯಲ್ಲಿ ಇರಲಿಲ್ಲ. ಆದರೆ ಸರಿಯಾದ ಕಾರಣವಿಲ್ಲದೆ ತಪ್ಪಿಸಿಕೊಂಡವರು 2.5% ಮಾತ್ರ!

‘ಸರ್ಕಾರಿ ಮೇಷ್ಟ್ರುಗಳೆಲ್ಲ ಹೀಗೇ’ ಅನ್ನುವ ಮಾತನ್ನು ಉತ್ತರ ಪತ್ರಿಕೆಯಲ್ಲಿ ಯಾರೂ ಬರೆಯಬೇಡಿ. ಅದು ಅನ್ಯಾಯ. ದಿನಾ ಬಸ್ಸು ಹಿಡಿದು, ಅಲ್ಲಿಂದ ನಡೆದು ಶಾಲೆ ತಲುಪುವವರ ಸಂಖ್ಯೆಯೇ ಜಾಸ್ತಿ. ಹಾಗಾದರೆ ಅಷ್ಟು ಕಡಿಮೆ ಮಂದಿಯ ತಪ್ಪಿಗೆ ಇಷ್ಟೊಂದು ಹಾನಿ ಯಾಕೆ? ಇದಕ್ಕೆ ಉತ್ತರ ಶಾಲೆಯ ಗಾತ್ರದಲ್ಲಿದೆ.

ಇಬ್ಬರೇ ಇರುವ ಶಾಲೆಯ ಲೆಕ್ಕ

ನಮ್ಮ ಹಳ್ಳಿಗಳ ಒಂದು ಕಿರಿಯ ಪ್ರಾಥಮಿಕ ಶಾಲೆಯನ್ನು ಊಹಿಸಿಕೊಳ್ಳಿ. ಒಂದರಿಂದ ಐದನೇ ತರಗತಿ, ಇಬ್ಬರು ಶಿಕ್ಷಕರು. ಒಬ್ಬರು ಒಂದರಿಂದ ಮೂರರವರೆಗಿನ ನಲಿ-ಕಲಿ ಕೊಠಡಿ ನೋಡಿಕೊಳ್ಳುತ್ತಾರೆ. ಇನ್ನೊಬ್ಬರು ನಾಲ್ಕು ಮತ್ತು ಐದು, ಜೊತೆಗೆ ಮುಖ್ಯ ಶಿಕ್ಷಕರ ಹೊಣೆ. ಈಗ ಎರಡನೆಯವರು ವಾರಕ್ಕೆರಡು ದಿನ ಸುಮ್ನೆ ಬರುವುದಿಲ್ಲ ಅಂದುಕೊಳ್ಳಿ. ಬಂದ ದಿನ ಹಿಂದಿನ ದಿನಗಳ ಸಹಿಯನ್ನೂ ಸೇರಿಸಿ ಹಾಕುತ್ತಾರೆ.

ಮೊದಲ ಪೆಟ್ಟು ನಲಿ-ಕಲಿ ಕೊಠಡಿಗೆ. ಅಲ್ಲಿ ಮಕ್ಕಳು ಗುಂಪುಗಳಲ್ಲಿ ಕೂತು, ಕಾರ್ಡ್ ಹಿಡಿದು, ಕಲಿಕಾ ಏಣಿಯಲ್ಲಿ ತಮ್ಮ ತಮ್ಮ ಮೆಟ್ಟಿಲಲ್ಲಿ ಕಲಿಯುತ್ತಾರೆ. ಶಿಕ್ಷಕಿ ಗುಂಪಿನಿಂದ ಗುಂಪಿಗೆ ಓಡಾಡುತ್ತಲೇ ಇರಬೇಕು. ನಾಲ್ಕು, ಐದನೇ ತರಗತಿ ಮಕ್ಕಳನ್ನೂ ಅದೇ ಕೊಠಡಿಗೆ ತಂದು ಕೂರಿಸಿದರೆ ಆ ಪದ್ಧತಿಯೇ ನಿಂತುಹೋಗುತ್ತದೆ. ಉಳಿಯುವುದು ಮಕ್ಕಳನ್ನು ಗಲಾಟೆ ಮಾಡದಂತೆ ಕಾಯುವ ಕೆಲಸ ಮಾತ್ರ. ಇದರ ಮಧ್ಯೆ ಬಿಸಿಯೂಟದ ಅಕ್ಕಿ-ಬೇಳೆ ಲೆಕ್ಕ, ಹಾಲಿನ ಪುಡಿ, ಮಕ್ಕಳ ವಿವರ ಇಡುವ ಇಲಾಖೆಯ ಆನ್‌ಲೈನ್ ವ್ಯವಸ್ಥೆ ಸ್ಯಾಟ್ಸ್‌ನಲ್ಲಿ ಮಾಹಿತಿ ತುಂಬುವುದು, ಎಲ್ಲವೂ ಆ ಒಬ್ಬರ ತಲೆ ಮೇಲೆ. ತಪ್ಪು ಮಾಡದವರೇ ದಣಿಯುತ್ತಾರೆ. ಹತ್ತು ಜನ ಶಿಕ್ಷಕರಿರುವ ಪಟ್ಟಣದ ಶಾಲೆಯಲ್ಲಿ ಇದೇ ತಪ್ಪು ನಡೆದರೆ ಒಂದು ವಿಷಯದ ಪಾಠ ಹಿಂದೆ ಬೀಳುತ್ತದೆ. ಇಲ್ಲಿ ಅರ್ಧ ಶಾಲೆಯೇ ನಿಲ್ಲುತ್ತದೆ.

ಎರಡನೇ ಪೆಟ್ಟು ನಿಧಾನವಾಗಿ ಬೀಳುತ್ತದೆ, ಅದೇ ದೊಡ್ಡದು. ‘ಅಲ್ಲಿ ಪಾಠ ನಡೆಯಲ್ಲ’ ಅನ್ನುವ ಮಾತು ಊರಲ್ಲಿ ಹಬ್ಬಿದರೆ, ಕೈಲಾದವರು ಟಿಸಿ ತೆಗೆದುಕೊಂಡು ಹೋಗುತ್ತಾರೆ. ಶಿಕ್ಷಣ ಹಕ್ಕು ಕಾಯ್ದೆಯ ಅನುಸೂಚಿಯಲ್ಲಿ ಒಂದರಿಂದ ಐದನೇ ತರಗತಿಗೆ ಶಿಕ್ಷಕರ ಲೆಕ್ಕ ಹೀಗಿದೆ: 60 ಮಕ್ಕಳವರೆಗೆ ಇಬ್ಬರು, 61ರಿಂದ 90ಕ್ಕೆ ಮೂವರು, 91ರಿಂದ 120ಕ್ಕೆ ನಾಲ್ವರು. 64 ಮಕ್ಕಳಿದ್ದ ಶಾಲೆಯಿಂದ ಐದು ಮಕ್ಕಳು ಹೋದರೆ, ಮೂರನೇ ಶಿಕ್ಷಕರು ‘ಹೆಚ್ಚುವರಿ’ ಎಂದು ಲೆಕ್ಕಕ್ಕೆ ಬರುತ್ತಾರೆ. ಆಗ ಶಾಲೆ ಬಿಟ್ಟು ಹೋಗಬೇಕಾದವರು ತಪ್ಪು ಮಾಡಿದವರೇ ಆಗಿರಬೇಕು ಅಂತ ಎಲ್ಲೂ ಇಲ್ಲ. ಒಳ್ಳೆಯ ಶಿಕ್ಷಕಿಯೇ ಹೋಗಬಹುದು. ಉಳಿದ ಮಕ್ಕಳು ಯಾರ ಮಕ್ಕಳು ಅಂತ ಯೋಚಿಸಿ. ವ್ಯಾನ್ ಫೀಸು ಕಟ್ಟಲು ಆಗದವರ ಮಕ್ಕಳು. ಈ ಸರಪಳಿಯನ್ನು ಉತ್ತರದಲ್ಲಿ ಬರೆದರೆ, ‘ಪರಿಣಾಮಗಳು’ ಎಂದು ನಾಲ್ಕು ಸಾಲು ಪಟ್ಟಿ ಮಾಡುವುದಕ್ಕಿಂತ ಎಷ್ಟೋ ಪಾಲು ಮೇಲು.

ಕಾನೂನು ಏನು ಹೇಳುತ್ತದೆ

ಶಿಕ್ಷಣ ಹಕ್ಕು ಕಾಯ್ದೆಯಲ್ಲಿ ಮೂರು ಕಲಂ ನೆನಪಿಡಿ. 17ನೇ ಕಲಂ ಮಗುವಿಗೆ ದೈಹಿಕ ಶಿಕ್ಷೆ ಮತ್ತು ಮಾನಸಿಕ ಹಿಂಸೆ ಎರಡನ್ನೂ ನಿಷೇಧಿಸುತ್ತದೆ. ಎರಡನೆಯದನ್ನು ನಾವು ಮರೆಯುತ್ತೇವೆ. ಜಾತಿ ಹಿಡಿದು, ಬಡತನ ಹಿಡಿದು ಹಂಗಿಸುವುದು ಬೆತ್ತಕ್ಕಿಂತ ಕಡಿಮೆ ಏನಲ್ಲ. 24ನೇ ಕಲಂ ಶಿಕ್ಷಕರ ಕರ್ತವ್ಯ ಹೇಳುತ್ತದೆ: ಸಮಯಕ್ಕೆ ಸರಿಯಾಗಿ, ತಪ್ಪದೆ ಬರುವುದು, ಹೇಳಿದ ಅವಧಿಯಲ್ಲಿ ಪಠ್ಯ ಮುಗಿಸುವುದು, ಮಗುವಿನ ಕಲಿಕೆ ಅಳೆಯುವುದು, ಪೋಷಕರ ಸಭೆ ನಡೆಸುವುದು. ತಪ್ಪಿದರೆ ಸೇವಾ ನಿಯಮದಂತೆ ಶಿಸ್ತು ಕ್ರಮ. ಆದರೆ ಶಿಕ್ಷಕರ ಮಾತು ಕೇಳದೆ ಕ್ರಮ ಕೈಗೊಳ್ಳುವಂತಿಲ್ಲ ಅಂತ ಅದೇ ಕಲಂ ಹೇಳುತ್ತದೆ. 28ನೇ ಕಲಂ ಖಾಸಗಿ ಟ್ಯೂಷನ್ ನಿಷೇಧಿಸುತ್ತದೆ.

ಕರ್ನಾಟಕದ ಸರ್ಕಾರಿ ಶಿಕ್ಷಕರಿಗೆ 1957ರ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು ಅನ್ವಯಿಸುತ್ತವೆ. 8ನೇ ನಿಯಮದಲ್ಲಿ ದಂಡನೆಗಳಿವೆ. ವಾಗ್ದಂಡನೆ, ವೇತನ ಬಡ್ತಿ ತಡೆ, ನಷ್ಟ ವಸೂಲಿ ಇವು ಲಘು. ಹಿಂಬಡ್ತಿ, ಕಡ್ಡಾಯ ನಿವೃತ್ತಿ, ಸೇವೆಯಿಂದ ತೆಗೆದುಹಾಕುವುದು, ವಜಾ ಇವು ಕಠಿಣ. ಕೊನೆಯ ಎರಡರಲ್ಲಿ ವ್ಯತ್ಯಾಸ ಇದೆ: ತೆಗೆದುಹಾಕಿದವರು ಮುಂದೆ ಸರ್ಕಾರಿ ಕೆಲಸಕ್ಕೆ ಅನರ್ಹರಾಗುವುದಿಲ್ಲ, ವಜಾ ಆದವರು ಸಾಮಾನ್ಯವಾಗಿ ಅನರ್ಹರು. ಕಠಿಣ ದಂಡನೆಗೆ 11ನೇ ನಿಯಮದ ಪೂರ್ತಿ ವಿಚಾರಣೆ ಬೇಕು: ದೋಷಾರೋಪಣಾ ಪಟ್ಟಿ, ಸಾಕ್ಷಿಗಳ ಪಟ್ಟಿ, ಲಿಖಿತ ಹೇಳಿಕೆ, ವಿಚಾರಣಾಧಿಕಾರಿಯ ವರದಿ. ಇದರ ಬೇರು ಸಂವಿಧಾನದ 311ನೇ ವಿಧಿಯಲ್ಲಿದೆ. ಖಾಸಗಿ ಶಾಲೆಯ ಸಿಬ್ಬಂದಿಗೆ 1983ರ ಕರ್ನಾಟಕ ಶಿಕ್ಷಣ ಕಾಯ್ದೆಯ 92ನೇ ಕಲಂ, ಮೇಲ್ಮನವಿಗೆ 94ನೇ ಕಲಂ.

ಅಮಾನತು ಆದ ಮೇಲೆ

ಅಮಾನತು ಅಂದರೆ ಶಿಕ್ಷೆ ಅಲ್ಲ. ಇದು ಪ್ರತಿ ಬಾರಿ ತಪ್ಪಾಗುವ ಜಾಗ, ಆದ್ದರಿಂದ ಎರಡು ಸಲ ಓದಿಕೊಳ್ಳಿ. ವಿಚಾರಣೆ ಮುಗಿಯುವವರೆಗೆ, ಸಾಕ್ಷಿ ಕೆಡಬಾರದು ಅಂತ ಕೆಲಸದಿಂದ ದೂರ ಇಡುವ ಕ್ರಮ ಅದು. ಅಮಾನತಾದವರಿಗೆ ಜೀವನಾಧಾರ ಭತ್ಯೆ ಸಿಗುತ್ತದೆ. ಅವರ ಸೇವೆ ಮುಗಿದಿರುವುದಿಲ್ಲ. ಪತ್ರಿಕೆಯಲ್ಲಿ ‘ಶಿಕ್ಷಕ ಅಮಾನತು’ ಅಂತ ಸುದ್ದಿ ಬಂದ ದಿನ ಊರಿನವರಿಗೆ ಸಮಾಧಾನ. ಶಾಲೆಗೆ ಕಷ್ಟ ಶುರುವಾಗುವುದು ಅಲ್ಲಿಂದಲೇ. ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಪಕ್ಕದ ಶಾಲೆಯಿಂದ ಒಬ್ಬರನ್ನು ನಿಯೋಜನೆ ಮೇಲೆ ಕಳುಹಿಸುತ್ತಾರೆ. ಅಂದರೆ ಖಾಲಿ ತರಗತಿ ಮಾಯವಾಗಲಿಲ್ಲ, ಪಕ್ಕದ ಊರಿಗೆ ಹೋಯಿತು. ವಿಚಾರಣೆ ಎಳೆದಷ್ಟೂ ಎರಡು ಶಾಲೆಗಳ ಮಕ್ಕಳು ಕಾಯಬೇಕು.

2015ರಲ್ಲಿ ಅಜಯ್ ಕುಮಾರ್ ಚೌಧರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದಿದ್ದರೆ ಅಮಾನತು ಮುಂದುವರಿಸಬಾರದು ಎಂದಿತು. ಆ ತೀರ್ಪು ನೌಕರರ ಹಕ್ಕಿನ ಬಗ್ಗೆ ಬಂದದ್ದು. ಆದರೆ ಶಾಲೆಯ ಕಡೆಯಿಂದ ನೋಡಿದರೂ ಅದು ಸರಿಯಾದ ಒತ್ತಡವೇ. ಬೇಗ ತೀರ್ಮಾನ ಆದರೆ ನಿರಪರಾಧಿ ಬೇಗ ತರಗತಿಗೆ ಬರುತ್ತಾರೆ. ತಪ್ಪಿತಸ್ಥರಾದರೆ ಹುದ್ದೆ ಖಾಲಿ ಆಗಿ ಬೇರೆಯವರು ಬರಲು ದಾರಿ ಆಗುತ್ತದೆ.

‘ಎತ್ತಂಗಡಿ’ ಅನ್ನುವ ಸುಲಭದ ದಾರಿ

ವಿಚಾರಣೆ ತಲೆನೋವು. ಹಾಗಾಗಿ ಎಷ್ಟೋ ಕಡೆ ಬೇರೆ ಊರಿಗೆ ಎತ್ತಂಗಡಿ ಮಾಡಿ ಫೈಲ್ ಮುಚ್ಚುತ್ತಾರೆ. ಈ ಪಾಠದಲ್ಲಿ ನನಗೆ ಅತ್ಯಂತ ಸಿಟ್ಟು ತರಿಸುವ ವಿಷಯ ಇದು. ಪೋಷಕರು ಗಟ್ಟಿ ಇರುವ ಊರಿನಲ್ಲಿ ದೂರು ಏಳುತ್ತದೆ. ತಪ್ಪು ಮಾಡಿದವರನ್ನು ಕಳುಹಿಸುವುದು ಬಸ್ಸು ಕಡಿಮೆ ಇರುವ, ಕೇಳುವವರಿಲ್ಲದ ಊರಿಗೆ. ನಮ್ಮ ವರ್ಗಾವಣೆ ನಿಯಮಗಳ ಎ, ಬಿ, ಸಿ ವಲಯಗಳಲ್ಲಿ ಅದು ಸಾಮಾನ್ಯವಾಗಿ ಸಿ ವಲಯ. ‘ಶಿಕ್ಷೆ’ ಅಂತ ಕಳುಹಿಸಿದ್ದು ನಿಜವಾಗಿ ಯಾರಿಗೆ? ಆ ಊರಿನ ಮಕ್ಕಳು ಮಾಡಿದ ತಪ್ಪೇನು?

ಕಾನೂನು ಕೂಡ ಇದನ್ನು ಒಪ್ಪುವುದಿಲ್ಲ. 8ನೇ ನಿಯಮದ ದಂಡನೆಗಳಲ್ಲಿ ವರ್ಗಾವಣೆ ಇಲ್ಲವೇ ಇಲ್ಲ. 2009ರ ಸೋಮೇಶ್ ತಿವಾರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ದಂಡನೆಯ ಬದಲಿಗೆ ವರ್ಗಾವಣೆ ಮಾಡಿದರೆ ಆ ಆದೇಶ ನಿಲ್ಲುವುದಿಲ್ಲ ಎಂದು ಹೇಳಿದೆ.

ಲೈಂಗಿಕ ದೌರ್ಜನ್ಯ: ಇಲ್ಲಿ ದಾರಿಯೇ ಬೇರೆ

ಮೇಲಿನ ಯಾವ ನಿಧಾನವೂ ಇಲ್ಲಿ ಸಲ್ಲದು. ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ 2012ರ ಪೋಕ್ಸೋ ಕಾಯ್ದೆಯಲ್ಲಿ ಶಾಲೆಯ ಸಿಬ್ಬಂದಿ ಮಾಡಿದ ಕೃತ್ಯ ‘ಉಗ್ರ ಸ್ವರೂಪದ’ ಅಪರಾಧ, ಯಾಕೆಂದರೆ ಮಗುವನ್ನು ಅವರ ಕೈಗೆ ಒಪ್ಪಿಸಲಾಗಿದೆ. 19ನೇ ಕಲಂ ಪ್ರಕಾರ ವಿಷಯ ಗೊತ್ತಾದವರು ಪೊಲೀಸರಿಗೆ ತಿಳಿಸಲೇಬೇಕು. ‘ಮೊದಲು ನಾವೇ ವಿಚಾರಿಸೋಣ, ಶಾಲೆ ಹೆಸರು ಹಾಳಾಗುತ್ತದೆ’ ಅನ್ನುವ ಮಾತಿಗೆ ಇಲ್ಲಿ ಜಾಗ ಇಲ್ಲ. ತನ್ನ ಕೈಕೆಳಗಿನವರ ಅಪರಾಧ ಮುಚ್ಚಿಟ್ಟ ಸಂಸ್ಥೆಯ ಮುಖ್ಯಸ್ಥರಿಗೆ 21ನೇ ಕಲಂ ಒಂದು ವರ್ಷದವರೆಗೆ ಜೈಲು ಮತ್ತು ದಂಡ ವಿಧಿಸುತ್ತದೆ. ಮಕ್ಕಳ ಸಹಾಯವಾಣಿ 1098. ಮಗುವಿನ ಹೆಸರು, ಗುರುತು ಹೊರಗೆ ಬರಬಾರದು.

ಊರಿನ ಹಿರಿಯರು ಕೂತು ‘ರಾಜಿ’ ಮಾಡಿಸುವುದು ಇನ್ನೂ ನಡೆಯುತ್ತದೆ. ರಾಜಸ್ಥಾನದ ಒಂದು ಪ್ರಕರಣದಲ್ಲಿ ಆರೋಪಿ ಶಿಕ್ಷಕ ಮತ್ತು ಹುಡುಗಿಯ ತಂದೆಯ ನಡುವೆ ರಾಜಿ ಆಗಿದೆ ಎಂದು ಹೈಕೋರ್ಟ್ ಕೇಸು ರದ್ದು ಮಾಡಿತ್ತು. 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿತು. ಇಂಥ ಅಪರಾಧ ಇಬ್ಬರ ಖಾಸಗಿ ಜಗಳ ಅಲ್ಲ, ಸಮಾಜದ ಮೇಲೆ ನಡೆದದ್ದು ಅನ್ನುವುದು ಅದರ ತಿರುಳು. ಅವಿನಾಶ್ ನಾಗ್ರಾ ಪ್ರಕರಣವನ್ನೂ ಓದಿ. ನವೋದಯ ವಿದ್ಯಾಲಯದ ನಿಯಮದಲ್ಲಿ, ಹುಡುಗಿಯನ್ನು ಪಾಟಿ ಸವಾಲಿಗೆ ನಿಲ್ಲಿಸಿ ನೋಯಿಸಬಾರದು ಅನ್ನುವ ಕಾರಣಕ್ಕೆ, ಪೂರ್ತಿ ವಿಚಾರಣೆ ಬಿಟ್ಟು ಶಿಕ್ಷಕರನ್ನು ತೆಗೆಯಲು ಅವಕಾಶ ಇದೆ. 1996ರಲ್ಲಿ ಸುಪ್ರೀಂ ಕೋರ್ಟ್ ಈ ಪ್ರಕರಣದಲ್ಲಿ ಅದನ್ನು ಎತ್ತಿಹಿಡಿಯಿತು.

ಶಾಲೆಯ ಮೇಲೆ ಇದರ ಪರಿಣಾಮ ಒಂದು ಮಗುವಿಗೆ ನಿಲ್ಲುವುದಿಲ್ಲ. ಊರಿನ ಹೆಣ್ಣುಮಕ್ಕಳನ್ನು ಏಳನೇ ತರಗತಿಗೇ ಬಿಡಿಸಿ ಮನೆಯಲ್ಲಿ ಕೂರಿಸಲು ಇದೊಂದು ಸುದ್ದಿ ಸಾಕು. ಮುಚ್ಚಿಟ್ಟ ಶಾಲೆಯಲ್ಲಿ ಆ ಭಯ ವರ್ಷಗಟ್ಟಲೆ ಉಳಿಯುತ್ತದೆ.

ಯಾವುದು ಕೆಲಸ ಮಾಡುತ್ತದೆ

ಗೈರುಹಾಜರಿಗೆ ಸಂಬಂಧಿಸಿ ಒಂದು ಒಳ್ಳೆಯ ಪ್ರಯೋಗ ರಾಜಸ್ಥಾನದ ಉದಯಪುರ ಜಿಲ್ಲೆಯ ಹಳ್ಳಿಗಳಲ್ಲಿ ನಡೆಯಿತು. ಸೇವಾ ಮಂದಿರ ಎಂಬ ಸಂಸ್ಥೆ ಅಲ್ಲಿ ಒಬ್ಬರೇ ಶಿಕ್ಷಕರಿರುವ ಅನೌಪಚಾರಿಕ ಶಾಲೆಗಳನ್ನು ನಡೆಸುತ್ತಿತ್ತು. ಅರ್ಥಶಾಸ್ತ್ರಜ್ಞೆ ಎಸ್ತರ್ ಡುಫ್ಲೊ ಮತ್ತು ಜೊತೆಗಾರರು ಅರ್ಧ ಶಾಲೆಗಳಿಗೆ ಕ್ಯಾಮೆರಾ ಕೊಡಿಸಿದರು. ದಿನದ ಶುರುವಿನಲ್ಲಿ ಮತ್ತು ಕೊನೆಯಲ್ಲಿ ಮಕ್ಕಳ ಜೊತೆ ಫೋಟೊ, ಅದರ ಮೇಲೆ ತಿದ್ದಲಾಗದ ದಿನಾಂಕ ಮತ್ತು ಸಮಯ. ಸಂಬಳ ಹಾಜರಿ ಇದ್ದಷ್ಟು. ಗೈರುಹಾಜರಿ 42%ನಿಂದ 21%ಕ್ಕೆ ಇಳಿಯಿತು, ಮಕ್ಕಳ ಅಂಕವೂ ಏರಿತು.

ಹಾಗಾದರೆ ಎಲ್ಲ ಕಡೆ ಕ್ಯಾಮೆರಾ ಇಟ್ಟರೆ ಆಯಿತಲ್ವಾ? ಇಲ್ಲ. ಅದೇ ಜಿಲ್ಲೆಯಲ್ಲಿ ಸರ್ಕಾರಿ ನರ್ಸ್‌ಗಳ ಹಾಜರಿಗೂ ಸಮಯದ ಮುದ್ರೆ ಹಾಕುವ ಯಂತ್ರ ಬಂತು. ಮೊದಲ ಕೆಲವು ತಿಂಗಳು ಹಾಜರಿ ಏರಿತು. ಆಮೇಲೆ ಇಲಾಖೆಯವರೇ ‘ಈ ದಿನ ವಿನಾಯಿತಿ’ ಅಂತ ಬರೆದುಕೊಡಲು ಶುರು ಮಾಡಿದರು. ಒಂದೂವರೆ ವರ್ಷದೊಳಗೆ ಎಲ್ಲ ಮೊದಲಿನಂತೆ ಆಯಿತು. ಯಂತ್ರ ಕೆಟ್ಟದ್ದಲ್ಲ, ಮೇಲಿನವರು ಕೈಬಿಟ್ಟರು. 2003ರ ಅಧ್ಯಯನದಲ್ಲಿ ಸುಮಾರು 3000 ಸರ್ಕಾರಿ ಶಾಲೆಗಳ ಮುಖ್ಯ ಶಿಕ್ಷಕರನ್ನು ಕೇಳಿದಾಗ, ಪದೇ ಪದೇ ಗೈರಾದದ್ದಕ್ಕೆ ಶಿಕ್ಷಕರೊಬ್ಬರನ್ನು ಕೆಲಸದಿಂದ ತೆಗೆದದ್ದು ಗೊತ್ತು ಎಂದವರು ಒಬ್ಬರೇ ಒಬ್ಬರು. ಇದೇ ತಂಡದ ಕೆಲವರು 2010ರಲ್ಲಿ ಮತ್ತೆ ನೋಡಿದಾಗ, ತಪಾಸಣೆ ಪದೇ ಪದೇ ನಡೆಯುವ ಶಾಲೆಗಳಲ್ಲಿ ಗೈರುಹಾಜರಿ ಕಡಿಮೆ ಇತ್ತು. ನಮ್ಮಲ್ಲಿ ಆ ಭೇಟಿ ಕೊಡಬೇಕಾದವರು ಸಿಆರ್‌ಪಿ (ಸುತ್ತಲಿನ ಶಾಲೆಗಳ ಗುಂಪಿನ ಸಂಪನ್ಮೂಲ ವ್ಯಕ್ತಿ) ಮತ್ತು ಬಿಇಒ ಕಚೇರಿಯವರು. ಅವರ ದಿನ ಸಭೆ ಮತ್ತು ವರದಿಗಳಲ್ಲೇ ಕಳೆದುಹೋದರೆ ತಪಾಸಣೆ ಹೆಸರಿಗೆ ಮಾತ್ರ.

ಉಳಿದದ್ದು ಎಸ್‌ಡಿಎಂಸಿ, ಅಂದರೆ ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿ. ಶಿಕ್ಷಣ ಹಕ್ಕು ಕಾಯ್ದೆಯ 21ನೇ ಕಲಂ ಪ್ರಕಾರ ಇಂಥ ಸಮಿತಿಯ ಮುಕ್ಕಾಲು ಭಾಗ ಸದಸ್ಯರು ಪೋಷಕರೇ ಇರಬೇಕು, ಒಟ್ಟು ಅರ್ಧ ಮಹಿಳೆಯರು. ಶಾಲೆಯ ಕೆಲಸವನ್ನು ಗಮನಿಸುವುದು ಅದರ ಹೊಣೆ. ಅಮಾನತು ಮಾಡುವ ಅಧಿಕಾರ ಅದಕ್ಕೆ ಇಲ್ಲ. ಆದರೆ ಹಾಜರಿ ಪುಸ್ತಕ ನೋಡಬಹುದು. ಯಾವ ದಿನ ಯಾರು ಇರಲಿಲ್ಲ ಅಂತ ಸಭೆಯ ನಡಾವಳಿಯಲ್ಲಿ ಬರೆಯಬಹುದು, ಅದರ ಪ್ರತಿಯನ್ನು ಬಿಇಒಗೆ ಕೊಟ್ಟು ಸ್ವೀಕೃತಿ ಪಡೆಯಬಹುದು. ‘ಮೇಷ್ಟ್ರು ಸರಿಯಾಗಿ ಬರಲ್ಲ’ ಎನ್ನುವ ದೂರು ವಿಚಾರಣೆಯಲ್ಲಿ ಬಿದ್ದುಹೋಗುತ್ತದೆ. ದಿನಾಂಕ, ಸಮಯ, ಸಹಿ ಇರುವ ನಡಾವಳಿಯನ್ನು ವಿಚಾರಣಾಧಿಕಾರಿ ಸುಲಭವಾಗಿ ಪಕ್ಕಕ್ಕೆ ಇಡಲು ಆಗುವುದಿಲ್ಲ. ಸುಳ್ಳು ದೂರು ಬಂದಾಗ ಒಳ್ಳೆಯ ಶಿಕ್ಷಕರನ್ನು ಉಳಿಸುವುದೂ ಅದೇ ನಡಾವಳಿ.