ಏಳು ವರ್ಷ ದುಡಿದ ಮನೆಯಳಿಯ, ಕೈತಪ್ಪಿದ ಮದುವೆ

ಹುಡುಗಿಯನ್ನು ಕೊಡುತ್ತೇವೆಂದು ನಂಬಿಸಿ ಏಳು ವರ್ಷ ದುಡಿಸಿಕೊಂಡರು. ಕೊನೆಗೆ ಅವಳು ಬೇರೊಬ್ಬನ ಪಾಲಾದಳು. ಆನ್ ಜೊಂಗ್‌ಹ್ವಾ ನಿರ್ದೇಶಿಸಿದ ಕೊರಿಯಾದ ಮೂಕಿ ಚಿತ್ರ ‘ಯೌವನದ ಕವಲುದಾರಿ’ಯ (1934) ಕಥೆ ಬೇರು ಬಿಟ್ಟಿರುವುದು ಈ ಮೋಸದಲ್ಲಿ.

ಮದುವೆಗೆ ಮೊದಲೇ ಹುಡುಗನನ್ನು ಮನೆಯಳಿಯನಾಗಿ ಕರೆತಂದು ಹೊಲದ ಕೆಲಸಕ್ಕೆ ಹಚ್ಚುವ ಪದ್ಧತಿ ಅಲ್ಲಿನ ಹಳ್ಳಿಗಳಲ್ಲಿತ್ತು. ಚಿತ್ರದ ಯಂಗ್‌ಬೊಕ್ ಹಾಗೆ ದುಡಿದು ಬರಿಗೈಯಲ್ಲಿ ಊರು ಬಿಡುತ್ತಾನೆ, ಸೋಲ್ ರೈಲು ನಿಲ್ದಾಣದಲ್ಲಿ ಕೂಲಿಯಾಗುತ್ತಾನೆ. ತಾಯಿ ಸತ್ತ ಮೇಲೆ ಅಣ್ಣನನ್ನು ಹುಡುಕಿಕೊಂಡು ಬರುವ ತಂಗಿ ಯಂಗ್‌ಒಕ್ ಪಟ್ಟಣದ ಶೋಕಿಲಾಲರ ಕೈಗೆ ಸಿಕ್ಕುತ್ತಾಳೆ. ಮೋಸಗಾರರಲ್ಲಿ ಒಬ್ಬ ಅಣ್ಣನ ಹುಡುಗಿಯನ್ನು ಕಸಿದುಕೊಂಡವನೇ! ಇಂಥ ಕಾಕತಾಳೀಯಗಳಿಲ್ಲದೆ ಮೆಲೊಡ್ರಾಮ ನಡೆಯುವುದಿಲ್ಲ ಬಿಡಿ.

ಆದರೆ ಇಡೀ ಚಿತ್ರದಲ್ಲಿ ಕೆಟ್ಟವರೆಲ್ಲ ಕಾಸಿದ್ದ ಖಾಸಗಿ ಗಂಡಸರು. ಸರ್ಕಾರದ ಸುದ್ದಿಯೇ ಇಲ್ಲ. 1910ರಿಂದ ಕೊರಿಯಾ ಜಪಾನಿನ ವಸಾಹತು. 1926ರಲ್ಲಿ ಸಿನಿಮಾ ಸೆನ್ಸಾರ್ ನಿಯಮ ಬಂತು. ಅದೇ ವರ್ಷ ತೆರೆಕಂಡ ‘ಅರಿರಂಗ್’ನಲ್ಲಿ ಹುಚ್ಚನೊಬ್ಬ ಜಮೀನ್ದಾರನ ಕಡೆಯವನನ್ನು ಕೊಂದದ್ದನ್ನು ಜನ ದೇಶದ ಕಥೆಯಾಗಿಯೇ ಕಂಡರು. ಅದರ ನಾಯಕಿ ಶಿನ್ ಇಲ್‌ಸನ್ ಇಲ್ಲಿ ತಂಗಿಯ ಪಾತ್ರದಲ್ಲಿದ್ದಾರೆ. ಬಿಗಿ ಹೆಚ್ಚಿದ ಕಾಲದಲ್ಲಿ ಮುರಿದ ಮದುವೆ, ಕೆಟ್ಟ ಪಟ್ಟಣ ಇವು ಕತ್ತರಿಗೆ ಸಿಗದ ವಸ್ತುಗಳಾಗಿದ್ದವು ಎಂದು ನನಗನ್ನಿಸುತ್ತದೆ.

ಉಳಿದದ್ದನ್ನು ಹೇಳಲು ‘ಬ್ಯೊನ್ಸಾ’ ಇದ್ದ. ತೆರೆಯ ಪಕ್ಕ ನಿಂತು ಕಥೆ ಹೇಳುತ್ತ, ಎಲ್ಲ ಪಾತ್ರಗಳ ಮಾತನ್ನೂ ತಾನೇ ಆಡುತ್ತಿದ್ದವನು. ಜನ ನಟರಿಗಿಂತ ಅವನ ಹೆಸರು ನೋಡಿ ಟಿಕೆಟ್ ಕೊಳ್ಳುವುದೂ ಇತ್ತು. ಅವನು ನಾಲಗೆ ಹರಿಬಿಟ್ಟಾನೆಂದೇ ಟಾಕೀಸಿನೊಳಗೆ ಪೊಲೀಸರು ಕೂರುತ್ತಿದ್ದರು. 1935ರಲ್ಲಿ ಕೊರಿಯಾದ ಮೊದಲ ಟಾಕಿ ಬಂತು, ಅವನ ಕಸುಬು ಸೊರಗಿತು.

ಬೆಂಗಳೂರಿನಲ್ಲಿ ‘ಸತಿ ಸುಲೋಚನ’ ತೆರೆಕಂಡದ್ದೂ 1934ರಲ್ಲೇ. ಕನ್ನಡದ ಆ ಮೊದಲ ಟಾಕಿಯ ಪ್ರತಿ ನಮಗೆ ಉಳಿದಿಲ್ಲ. ಕೊರಿಯಾದವರಿಗೆ ‘ಅರಿರಂಗ್’ ಕೂಡ ಸಿಕ್ಕಿಲ್ಲ. ‘ಯೌವನದ ಕವಲುದಾರಿ’ಯ ನೈಟ್ರೇಟ್ ನೆಗೆಟಿವ್ (ಹಳೆಯ ಬಗೆಯ ಫಿಲ್ಮಿನ ಮೂಲ ಸುರುಳಿ) ಮಾತ್ರ 2007ರಲ್ಲಿ ಅಲ್ಲಿನ ಚಲನಚಿತ್ರ ಸಂಗ್ರಹಾಲಯದ ಕೈಸೇರಿತು. ಇಂದು ಉಳಿದಿರುವ ಕೊರಿಯನ್ ಕಥಾಚಿತ್ರಗಳಲ್ಲಿ ಅದೇ ಅತಿ ಹಳೆಯದು. 2008ರಿಂದ ನಿರ್ದೇಶಕ ಕಿಮ್ ತೇಯೊಂಗ್ ಅದನ್ನು ವಾದ್ಯಮೇಳದೊಂದಿಗೆ, ವೇದಿಕೆಯ ಮೇಲೊಬ್ಬ ಬ್ಯೊನ್ಸಾನನ್ನು ನಿಲ್ಲಿಸಿ ತೋರಿಸಿದರು. ಅವನಾಡುವ ಮಾತುಗಳನ್ನು ಮಾತ್ರ ಹೊಸದಾಗಿ ಬರೆಯಬೇಕಾಯಿತು.