ಅಧ್ಯಯನ ಟಿಪ್ಪಣಿ: ಫಿನ್ಲೆಂಡಿನ ಪೋಷಕ ನಟಿ ಎಲಿನಾ ಸಾಲೊ

ಫಿನ್ಲೆಂಡ್ ಸಿನಿಮಾ ಅಂದ ಕೂಡಲೇ ನಮ್ಮ ಬಾಯಿಗೆ ಬರುವುದು ನಿರ್ದೇಶಕ ಆಕಿ ಕೌರಿಸ್ಮಾಕಿ ಹೆಸರು. ಬಿಟ್ಟರೆ ನಾಯಕಿ ಕಾಟಿ ಔಟಿನೆನ್. ಇವರ ಸಿನಿಮಾಗಳಲ್ಲಿ ಸ್ವಲ್ಪ ಹೊತ್ತು ಬಂದು ಹೋಗುವ ಪೋಷಕ ನಟರನ್ನು ನಾವು ಸರಿಯಾಗಿ ನೋಡುವುದೇ ಇಲ್ಲ. ಅಭಿನಯ ಕಲಿಯುವವರಿಗೆ ಜಾಸ್ತಿ ಸಿಗುವುದು ಅಲ್ಲೇ ಅಂತ ನನಗೆ ಅನ್ನಿಸುತ್ತದೆ.

ಅಂಥ ಒಬ್ಬ ಪೋಷಕ ನಟಿ ಎಲಿನಾ ಸಾಲೊ ಹುಟ್ಟಿದ್ದು 1936ರಲ್ಲಿ. 1950ರ ದಶಕದ ಕೊನೆಯ ಹೊತ್ತಿಗೆ ಸಿನಿಮಾದಲ್ಲಿದ್ದರು. 1960ರಲ್ಲಿ ಮಟ್ಟಿ ಕಾಸಿಲಾ ನಿರ್ದೇಶಿಸಿದ 'ಕೊಮಿಸಾರಿಯೊ ಪಾಲ್ಮುನ್ ಎರೆಹ್ಡುಸ್' ಬಂತು. ಮಿಕಾ ವಾಲ್ಟಾರಿ ಕಾದಂಬರಿ ಆಧರಿಸಿದ ಪತ್ತೇದಾರಿ ಕಥೆ. ಶ್ರೀಮಂತರ ಮನೆಯಲ್ಲೊಂದು ಸಾವು, ಸುತ್ತ ಅನುಮಾನಕ್ಕೆ ಸಿಕ್ಕ ನೆಂಟರು. ಅದರಲ್ಲಿ ಐರಿ ರೈಕಾಮೊ ಎಂಬ ಯುವತಿಯಾಗಿ ಸಾಲೊ ಇದ್ದಾರೆ. ಇಂದಿಗೂ ಫಿನ್ಲೆಂಡಿನ ಅತ್ಯುತ್ತಮ ಸಿನಿಮಾಗಳ ಮಾತು ಬಂದರೆ ಇದರ ಹೆಸರು ಬಂದೇ ಬರುತ್ತದೆ.

ಆಮೇಲೆ ಅಲ್ಲಿನ ಚಿತ್ರರಂಗಕ್ಕೇ ಕೆಟ್ಟ ಕಾಲ. ಮನೆಮನೆಗೆ ಟೀವಿ ಬಂತು, ಥಿಯೇಟರಿಗೆ ಬರುವವರು ಕಡಿಮೆಯಾದರು. 1963ರಿಂದ 1965ರವರೆಗೆ ನಟರ ಮುಷ್ಕರ ನಡೆಯಿತು. ದೊಡ್ಡ ಸ್ಟುಡಿಯೊ ಸುಒಮೆನ್ ಫಿಲ್ಮಿತೆಒಲ್ಲಿಸೂಸ್ 1965ರಲ್ಲಿ ದಿವಾಳಿಯಾಯಿತು. ಇಂಥ ಹೊತ್ತಲ್ಲಿ ಅಲ್ಲಿನ ನಟರ ಕೈ ಹಿಡಿದದ್ದು ರಂಗಭೂಮಿ. ಫಿನ್ನಿಷ್ ಜೊತೆಗೆ ಸ್ವೀಡಿಷ್ ಕೂಡ ಅಲ್ಲಿನ ಅಧಿಕೃತ ಭಾಷೆ. ಸಾಲೊ ಎರಡರಲ್ಲೂ ನಟಿಸುತ್ತಿದ್ದರು. ಹೆಲ್ಸಿಂಕಿಯಲ್ಲಿ ಸ್ವೀಡಿಷ್ ನಾಟಕಗಳ ಲಿಲ್ಲಾ ಟಿಯಾಟರ್ನ್ ರಂಗಮಂದಿರದಲ್ಲೂ ಅವರು ಕೆಲಸ ಮಾಡಿದರು.

ಈಗ ಮುಖ್ಯ ವಿಷಯಕ್ಕೆ ಬರೋಣ. ಕೌರಿಸ್ಮಾಕಿ 1987ರಲ್ಲಿ ಹ್ಯಾಮ್ಲೆಟ್ ಕಥೆಯನ್ನು ಇಂದಿನ ವ್ಯಾಪಾರಿ ಕುಟುಂಬಕ್ಕೆ ತಂದಾಗ ತಾಯಿ ಗರ್ಟ್ರೂಡ್ ಪಾತ್ರ ಸಾಲೊಗೆ ಸಿಕ್ಕಿತು. ಆಗ ಅವರ ವಯಸ್ಸು ಐವತ್ತು ದಾಟಿತ್ತು. ಹಲವು ನಟಿಯರಿಗೆ ಅವಕಾಶ ಕಡಿಮೆಯಾಗುವ ವಯಸ್ಸು ಅದು, ಅಲ್ವಾ? ಇವರಿಗೆ ಮಾತ್ರ ಹೊರದೇಶದವರೂ ನೋಡಿದ ಪಾತ್ರಗಳು ಬಂದದ್ದೇ ಅಲ್ಲಿಂದ ಮುಂದೆ.

1990ರ 'ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್' ನೋಡಿ. ಬೆಂಕಿಪೊಟ್ಟಣ ಕಾರ್ಖಾನೆಯಲ್ಲಿ ದುಡಿಯುವ ಐರಿಸ್ (ಕಾಟಿ ಔಟಿನೆನ್), ಅವಳ ಸಂಬಳದ ಮೇಲೆ ಬದುಕುವ ತಾಯಿ, ಮಲತಂದೆ. ಸಾಲೊ ತಾಯಿ, ಎಸ್ಕೊ ನಿಕ್ಕಾರಿ ಮಲತಂದೆ. ಮೂವರೂ ಊಟಕ್ಕೆ ಕೂತಿರುತ್ತಾರೆ. ತಾಯಿ ಕೈ ಚಾಚಿ ಮಗಳ ತಟ್ಟೆಯಿಂದ ಮಾಂಸದ ತುಂಡನ್ನು ಫೋರ್ಕಿನಲ್ಲಿ ಎತ್ತಿಕೊಳ್ಳುತ್ತಾಳೆ. ಬೈಗುಳವಿಲ್ಲ, ಕಣ್ಣು ಕೆಂಪಾಗುವುದಿಲ್ಲ. ಉಪ್ಪಿನ ಡಬ್ಬಿ ಎತ್ತಿಕೊಂಡಷ್ಟೇ ಸಹಜ. ಇಲ್ಲಿ ಸಾಲೊ ಸ್ವಲ್ಪ ಕೇಡಿತನ ತೋರಿಸಿದ್ದರೂ ದೃಶ್ಯ ಹಾಳಾಗುತ್ತಿತ್ತು. ತಾನು ತಪ್ಪು ಮಾಡುತ್ತಿದ್ದೇನೆ ಅಂತ ಆ ತಾಯಿಗೆ ಗೊತ್ತೇ ಇಲ್ಲ. ನಮಗೆ ಹೊಟ್ಟೆಯಲ್ಲಿ ಸಂಕಟವಾಗುವುದು ಅದಕ್ಕೇ.

1996ರ 'ಡ್ರಿಫ್ಟಿಂಗ್ ಕ್ಲೌಡ್ಸ್'ನಲ್ಲಿ ಅದೇ ಮುಖ, ಅದೇ ಮಿತವಾದ ಮಾತು. ಈಗ ಅವರು ದುಬ್ರೋವ್ನಿಕ್ ರೆಸ್ಟೋರೆಂಟಿನ ಒಡತಿ ಶ್ರೀಮತಿ ಶೋಹೋಲ್ಮ್. ರೆಸ್ಟೋರೆಂಟ್ ಕೈ ತಪ್ಪಿ ಹೋಗುತ್ತದೆ. ಕೆಲಸ ಕಳೆದುಕೊಂಡ ಇಲೋನಾಗೆ ಮುಂದೆ ಹೊಸ ಹೋಟೆಲು ತೆರೆಯಲು ಹಣ ಕೊಡುವವಳು ಇವಳೇ. ಇಲೋನಾ ಪಾತ್ರ ಮತ್ತೆ ಔಟಿನೆನ್ ಅವರದ್ದು. ಆರು ವರ್ಷದ ಹಿಂದೆ ಆಕೆಯ ತಟ್ಟೆಯಿಂದ ಕಿತ್ತುಕೊಂಡವರು ಈಗ ಆಕೆಗೆ ಕೊಡುತ್ತಿದ್ದಾರೆ! ಆದರೂ ಸಾಲೊ ದನಿ ಏರಿಸುವುದಿಲ್ಲ, ಮುಖದಲ್ಲಿ ಕರುಣೆ ಬಳಿದುಕೊಳ್ಳುವುದಿಲ್ಲ. ಎರಡು ಪಾತ್ರಕ್ಕೂ ಬಹುಪಾಲು ಒಂದೇ ಸಾಮಗ್ರಿ. ಬದಲಾಗಿರುವುದು ಎದುರಿನ ವ್ಯಕ್ತಿಯನ್ನು ನೋಡುವ ರೀತಿ.

ಇಷ್ಟು ತಣ್ಣಗಿನ ನಟಿ ಅಂದುಕೊಂಡರೆ ಟೀವಿ ಕಡೆ ಬನ್ನಿ. ತೂವೆ ಯಾನ್ಸನ್ ಅವರ ಮೂಮಿನ್ ಕಥೆಗಳ 1990ರ ಕಾರ್ಟೂನ್ ಧಾರಾವಾಹಿಯ ಫಿನ್ನಿಷ್ ಡಬ್ಬಿಂಗಿನಲ್ಲಿ ಪಿಕ್ಕು ಮ್ಯೂಗೆ ದನಿ ಕೊಟ್ಟವರು ಸಾಲೊ. ಗೇಣುದ್ದದ, ಯಾರಿಗೂ ಹೆದರದ, ಬಾಯಿಬಡುಕ ಹುಡುಗಿ ಅವಳು. ಸಾಲೊ ಹೆಸರೇ ಗೊತ್ತಿಲ್ಲದ ಫಿನ್ಲೆಂಡಿನ ಎಷ್ಟೋ ಮಕ್ಕಳು ಆ ದನಿ ಕೇಳಿ ಬೆಳೆದರು.

2011ರ 'ಲೆ ಹಾವ್ರ್' ಫ್ರಾನ್ಸಿನ ಬಂದರು ಊರಿನ ಕಥೆ, ಮಾತು ಫ್ರೆಂಚ್. ಅಲ್ಲಿ ಬಾರ್ ನಡೆಸುವ ಕ್ಲೇರ್ ಆಗಿ ಸಾಲೊ ಬಂದಾಗ ವಯಸ್ಸು ಎಪ್ಪತ್ತೈದರ ಹತ್ತಿರ.

ನೋಡಲು ಶುರುಮಾಡುವವರು 'ಮ್ಯಾಚ್ ಫ್ಯಾಕ್ಟರಿ'ಯಿಂದಲೇ ಶುರುಮಾಡಿ, ಎಪ್ಪತ್ತು ನಿಮಿಷವೂ ಇಲ್ಲ. ಮರುದಿನ 'ಡ್ರಿಫ್ಟಿಂಗ್ ಕ್ಲೌಡ್ಸ್'. ಎರಡನೇ ಸಲ ನೋಡುವಾಗ ಮಾತು ಪೂರ್ತಿ ಮ್ಯೂಟ್ ಮಾಡಿ, ಸಾಲೊ ಕೈಗಳನ್ನಷ್ಟೇ ಗಮನಿಸಿ ಬರೆದುಕೊಳ್ಳಿ.