ಗೂಡು ಕಟ್ಟದ ಜೇನು

ಧಾರವಾಡದ ನಮ್ಮ ಹಳೆಯ ಮನೆಯ ಹಿತ್ತಲಲ್ಲಿ ಒಂದು ಮಣ್ಣಿನ ಗೋಡೆಯಿದೆ. ಅದರ ತೂತುಗಳ ಮುಂದೆ ನೀಲಿ ಪಟ್ಟೆಯ ಒಂಟಿ ಜೇನುಗಳು ಗುಂಯ್‌ಗುಡುತ್ತಿರುತ್ತವೆ. ಅವುಗಳ ನಡುವೆ ಆಗಾಗ ಬೇರೊಂದು ಜೇನು ಸುಳಿಯುತ್ತದೆ. ಕಪ್ಪು ಮೈಮೇಲೆ ಹೊಳೆಯುವ ನೀಲಿ ಚುಕ್ಕೆಗಳಿದ್ದರೂ ಅದರ ಕಾಲಲ್ಲಿ ಪರಾಗದ ಹೊರೆಯಿರುವುದಿಲ್ಲ. ಮನೆಯೊಡತಿ ಹೂವಿಗೆ ಹೋದ ಹೊತ್ತು ನೋಡಿ ಅದು ಒಳನುಸುಳಿ ತನ್ನ ಮೊಟ್ಟೆಯಿಟ್ಟು ಬರುತ್ತದೆ. ಕಾಗೆಯ ಗೂಡಿನಲ್ಲಿ ಕೋಗಿಲೆ ಮಾಡುವುದೂ ಇದನ್ನೇ. ಥೈರಿಯಸ್ ಕುಲದ ಈ ಜೇನು ನಮ್ಮಲ್ಲಿ ಅಪರೂಪವೇನಲ್ಲ; ಆದರೆ ಇದೇ ವೃತ್ತಿಯ ಇನ್ನೊಂದು ಜೇನು ಇಂದು ಒಂದೇ ದ್ವೀಪಕ್ಕೆ ಬಂದು ನಿಂತಿದೆ.

ಅದು ಹವಾಯಿಯ ಮೊಲೊಕೈ, ಅಂದರೆ ಧಾರವಾಡ ಜಿಲ್ಲೆಯ ಆರರಲ್ಲೊಂದು ಪಾಲಿನಷ್ಟಿರುವ ದ್ವೀಪ. ಜೇನಿನ ಹೆಸರು ಹೈಲೇಯಸ್ ಹಿಲಾರಿಸ್. 1879ರಲ್ಲಿ ಇದನ್ನು ವರ್ಣಿಸಿದ ಫ್ರೆಡರಿಕ್ ಸ್ಮಿತ್ ಇಟ್ಟ ‘ಹಿಲಾರಿಸ್’ ಎಂಬ ಲ್ಯಾಟಿನ್ ಪದಕ್ಕೆ ‘ಉಲ್ಲಸಿತ’ ಎಂದರ್ಥ. ಅದರ ಇಂದಿನ ಪಾಡಿಗೆ ಈ ಹೆಸರು ಒಪ್ಪುವಂಥದ್ದಲ್ಲ.

ಹವಾಯಿಯ ಮೂಲನಿವಾಸಿ ಜೇನುಗಳೆಲ್ಲ ಹೈಲೇಯಸ್ ಎಂಬ ಒಂದೇ ಕುಲಕ್ಕೆ ಸೇರಿದವು. ಅವುಗಳಲ್ಲಿ 60ಕ್ಕೂ ಹೆಚ್ಚು ಪ್ರಭೇದಗಳಿವೆ. ರೋಮ ಕಡಿಮೆಯಾದ್ದರಿಂದ ಇವು ಪರಾಗವನ್ನು ಮೈಗೆ ಮೆತ್ತಿಕೊಂಡು ತರದೆ, ನುಂಗಿ ಹೊಟ್ಟೆಯ ಚೀಲದಲ್ಲಿ ತಂದು, ಬಾಯಿಂದ ಸ್ರವಿಸಿದ ಪಾರದರ್ಶಕ ಪೊರೆ ಬಳಿದ ಕೋಣೆಯಲ್ಲಿ ಮಕರಂದದೊಡನೆ ಗಂಜಿಯಂತೆ ಕಕ್ಕಿಡುತ್ತವೆ. ಹಿಲಾರಿಸ್ ಕಣ್ಣಿಡುವುದು ಈ ಗಂಜಿಯ ಮೇಲೆಯೇ. ಅದರ ಮರಿಹುಳು ಆಶ್ರಯ ಕೊಟ್ಟ ಜೇನಿನ ಸಂತಾನವನ್ನು ಕೊಂದು ಗಂಜಿಯನ್ನೆಲ್ಲ ತಿಂದು ಬೆಳೆಯುತ್ತದೆ.

ಕ್ರೌರ್ಯವೆನ್ನಿಸಿದರೂ, ಕಳ್ಳನ ಬದುಕು ನಿಂತಿರುವುದು ಮನೆಯೊಡೆಯನ ಸಿರಿಯ ಮೇಲೆಯೇ. ಹಿಲಾರಿಸ್ ನೆಚ್ಚಿರುವುದು ಅಂಥ್ರಾಸಿನಸ್, ಅಸಿಮುಲನ್ಸ್, ಲಾಂಜಿಸೆಪ್ಸ್ ಎಂಬ ಕರಾವಳಿಯ ಮೂರು ಪ್ರಭೇದಗಳನ್ನು. 1890ರ ದಶಕದಲ್ಲಿ ಹವಾಯಿ ದ್ವೀಪಗಳನ್ನು ಸುತ್ತಿದ ಕೀಟಶಾಸ್ತ್ರಜ್ಞ ಪರ್ಕಿನ್ಸ್, ಹೈಲೇಯಸ್ ಜೇನುಗಳು ಹೆಚ್ಚುಕಡಿಮೆ ಎಲ್ಲೆಡೆಯೂ ಕಾಣುತ್ತವೆ ಎಂದು ಬರೆದಿದ್ದರು. ಮುಂದೆ ಕರಾವಳಿಯ ದೇಸಿ ಗಿಡಗಳು ಕಟ್ಟಡಗಳಿಗೂ ಹೊರಗಿನ ಕಳೆಗಳಿಗೂ ಜಾಗ ಬಿಟ್ಟುಕೊಟ್ಟವು. ಹವಾಯಿಯಲ್ಲಿ ಮೂಲತಃ ಇರುವೆಗಳೇ ಇರಲಿಲ್ಲವೆಂಬುದು ನಮಗೆ ನಂಬಲು ಕಷ್ಟವಾದರೂ ನಿಜ. ಆದ್ದರಿಂದ ಮನುಷ್ಯರೊಡನೆ ಬಂದಿಳಿದ ಇರುವೆಗಳು ಗೂಡಿಗೆ ನುಗ್ಗಿದಾಗ ಅವನ್ನು ಎದುರಿಸುವ ಉಪಾಯ ಈ ಜೇನುಗಳಿಗೆ ಗೊತ್ತಿರಲಿಲ್ಲ. ಆಶ್ರಯದಾತರು ವಿರಳವಾದಂತೆ ಅವರನ್ನೇ ನೆಚ್ಚಿದ ಹಿಲಾರಿಸ್ ಮಾವಿ, ಲಾನೈ ದ್ವೀಪಗಳಿಂದ ಕಣ್ಮರೆಯಾಗಿ, ಮೊಲೊಕೈಯ ಮೋಮೊಮಿ ಎಂಬ ಮರಳುದಿಬ್ಬಗಳ ಕಡಲಂಚಿನಲ್ಲಿ ಉಳಿಯಿತು. 2016ರಲ್ಲಿ ಅಮೆರಿಕವು ಮೊದಲ ಬಾರಿಗೆ ಜೇನುಗಳನ್ನು ಅಳಿವಿನಂಚಿನ ಪಟ್ಟಿಗೆ ಸೇರಿಸಿದಾಗ, ಆ ಏಳು ಪ್ರಭೇದಗಳಲ್ಲಿ ಹಿಲಾರಿಸ್ ಜೊತೆಗೆ ಅದು ದೋಚುವ ಮೂರೂ ಇದ್ದವು.

ಗೂಡನ್ನೇ ಕಟ್ಟದ ಜೇನಿಗೆ ಗೂಡು ಮಾಡಿಕೊಟ್ಟು ಪ್ರಯೋಜನವಿಲ್ಲ. ಅದನ್ನು ಉಳಿಸಬೇಕಾದರೆ ಅದರ ಬಲಿಗಳನ್ನೇ ಹೆಚ್ಚಿಸಬೇಕು. ಒವಾಹು ದ್ವೀಪದಲ್ಲಿ ಸಂಶೋಧಕರು ಅಂಥ್ರಾಸಿನಸ್‌ಗಾಗಿ ತೂತು ಕೊರೆದ ಮರದ ತುಂಡುಗಳನ್ನು ಇರುವೆ ಹತ್ತದಂತೆ ತೂಗುಹಾಕಿ ನೋಡಿದ್ದಾರೆ. ನಮ್ಮ ಮನೆಗಳಲ್ಲಿ ಪೇಢೆಯ ಡಬ್ಬಿಯನ್ನು ನೀರು ತುಂಬಿದ ತಾಟಿನ ನಡುವೆ ಇಡುವುದೂ ಇದೇ ಇರುವೆಯ ಕಾಟಕ್ಕೆ.